ತಲೆಕಟ್ಟು ಅಲಂಕಾರವೋ, ಅಕ್ಷರದ ಅಂಗವೋ? ಕನ್ನಡ ಫಾಂಟಿನ ಗೆರೆ ತುದಿಗಳ ಬಗ್ಗೆ ಒಂದು ಚರ್ಚೆ

ಗೆರೆಗಾತಿ, ಕಾರವಾರ

ಎಲ್ಲರಿಗೂ ನಮಸ್ಕಾರ. ಮುರುಗಲು ಶರಬತ್ತು, ಅಪ್ಪೆಮಿಡಿ ಉಪ್ಪಿನಕಾಯಿ ಮಾಡಿ ಮಾರುವ ಮಹಿಳೆಯರ ಒಂದು ಗುಂಪಿಗೆ ಲೇಬಲ್ ಮಾಡಿಕೊಡುತ್ತಿದ್ದೇನೆ. ಇಂಗ್ಲಿಷ್ ಹೆಸರಿಗೆ ಅವರು ಬೊಡೋನಿ ಜಾತಿಯ ಅಕ್ಷರ ಆರಿಸಿಕೊಂಡಿದ್ದಾರೆ. ದಪ್ಪ ಕಂಬ, ಕೂದಲೆಳೆಯಷ್ಟು ತೆಳ್ಳಗಿನ ಅಡ್ಡಗೆರೆ, ಕಂಬದ ತಲೆಗೂ ಬುಡಕ್ಕೂ ಸಪೂರ ಸೆರಿಫ್, ಅಂದರೆ ಗೆರೆಯ ತುದಿಗೆ ಕೂರಿಸುವ ಪುಟ್ಟ ಅಡ್ಡಪಟ್ಟಿ. ಕನ್ನಡವೂ ಅದಕ್ಕೆ ಜೋಡಿಯಾಗಬೇಕು ಎನ್ನುತ್ತಾರೆ. ಎಲ್ಲಿಂದಲೋ ತಂದು ತೋರಿಸಿದ ಮಾದರಿಯಲ್ಲಿ ಯಾರೋ ತಲೆಕಟ್ಟಿನ ಎರಡೂ ತುದಿಗೆ ಪುಟ್ಟ ಅಡ್ಡಪಟ್ಟಿ ಹೊಡೆದಿದ್ದಾರೆ. ‘ಗ’ ಅಕ್ಷರದ ಎರಡು ಕಾಲಿಗೂ ಚಪ್ಪಲಿ ತೊಡಿಸಿದ್ದಾರೆ. ನೋಡಿದ ಕೂಡಲೇ ಇದು ಸರಿಯಿಲ್ಲ ಎಂದು ಗೊತ್ತಾಗುತ್ತದೆ. ಆದರೆ ಯಾಕೆ ಸರಿಯಿಲ್ಲ ಎಂದು ಗುಂಪಿನವರ ಎದುರು ಕುಳಿತು ವಿವರಿಸಲು ನನಗೆ ಮಾತು ಬೇಕು.

ನನ್ನ ಪ್ರಶ್ನೆ ಇಷ್ಟು. ಕನ್ನಡದ ಅಕ್ಷರದಲ್ಲಿ ಗೆರೆ ಎಲ್ಲೆಲ್ಲಿ ನಿಜವಾಗಿ ಮುಗಿಯುತ್ತದೆ? ಆ ತುದಿಗಳನ್ನು ನಮಗೆ ಬೇಕಾದಂತೆ ಕೊರೆಯಬಹುದೇ, ಅಥವಾ ಕೆಲವನ್ನು ಮುಟ್ಟಲೇಬಾರದೇ?

ಚುಕ್ಕಿಗಂಟು, ಸಿದ್ದಾಪುರ (ಸದ್ಯ ಬೆಂಗಳೂರು)

ಒಳ್ಳೆಯ ಪ್ರಶ್ನೆ. ನಾನು ಫಾಂಟುಗಳ ಒಳಗಿನ ತಾಂತ್ರಿಕ ಕೆಲಸ ಮಾಡುವವನು, ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ.

ರೋಮನ್ ಲಿಪಿಯಲ್ಲಿ ಸೆರಿಫ್ ಕೂರುವುದು ನೇರ ಕಂಬದ ತುದಿಯಲ್ಲಿ. ಅದನ್ನು ತೆಗೆದುಹಾಕಿದರೂ ಅಕ್ಷರಕ್ಕೆ ಏನೂ ಆಗುವುದಿಲ್ಲ. 1957ರಲ್ಲಿ ಬಂದ ಹೆಲ್ವೆಟಿಕಾ, ಯೂನಿವರ್ಸ್ ಎಂಬ ಎರಡೂ ಫಾಂಟುಗಳಲ್ಲಿ ಸೆರಿಫ್ ಇಲ್ಲ, ಓದುವವರಿಗೆ ಅಕ್ಷರ ಬೇರೆ ಎನಿಸುವುದಿಲ್ಲ. ಬಾಗಿದ ಗೆರೆಗಳ ತುದಿಯದ್ದು ಬೇರೆ ಕತೆ. ಅಲ್ಲಿ ಗುಂಡು ಕೂರಿಸಬಹುದು, ನೀರಿನ ಹನಿಯ ಆಕಾರ ಕೊಡಬಹುದು, ಓರೆಯಾಗಿ ಕತ್ತರಿಸಬಹುದು. ಹೆಲ್ವೆಟಿಕಾದ ಗುರುತೇ ಬಾಗಿದ ಗೆರೆಯನ್ನು ಅಡ್ಡಡ್ಡ ನೇರವಾಗಿ ಕತ್ತರಿಸಿದ ರೀತಿ. ಬೊಡೋನಿಯ ಸಣ್ಣಕ್ಷರಗಳಲ್ಲಿ ಕೆಲವು ಬಾಗು ತುದಿಗಳಿಗೆ ದುಂಡನೆಯ ಗುಂಡು ಇರುತ್ತದೆ.

ಈಗ ಕನ್ನಡಕ್ಕೆ ಬನ್ನಿ. ನಮ್ಮಲ್ಲಿ ನೇರ ಕಂಬ ಎಂಬುದೇ ಅಪರೂಪ. ‘ಕ’ ತೆಗೆದುಕೊಳ್ಳಿ. ಮೇಲೆ ತಲೆಕಟ್ಟು, ನಡುವೆ ಒಂದು ಅಡ್ಡಗೆರೆ, ಕೆಳಗೆ ಉಂಗುರ. ಉಂಗುರಕ್ಕೆ ತುದಿಯಿಲ್ಲ. ಉಳಿದದ್ದು ಅಡ್ಡಗೆರೆಯ ಎಡ ಬಲ ತುದಿ ಮತ್ತು ತಲೆಕಟ್ಟು. ‘ರ’ದಲ್ಲಿ ಉಂಗುರ, ತಲೆಕಟ್ಟು, ಅಷ್ಟೇ. ‘ಲ’ದಲ್ಲಿ ತಲೆಕಟ್ಟೇ ಇಲ್ಲ, ಒಳಸುರುಳಿಯ ತುದಿ ಇದೆ. ಕೊಂಬಿಗೆ ಒಂದು ತುದಿ, ಇಳಿಗೆ ಒಂದು ತುದಿ. ಗುಡಿಸು ಸುತ್ತಿಕೊಂಡು ಅಕ್ಷರಕ್ಕೇ ಸೇರಿಬಿಡುತ್ತದೆ.

ಸೆರಿಫ್ ಕೂರಿಸುವ ಜಾಗ ಹುಡುಕಿದರೆ ಕಣ್ಣಿಗೆ ಮೊದಲು ಬೀಳುವುದು ತಲೆಕಟ್ಟು. ಮೇಲಿದೆ, ಅಡ್ಡವಾಗಿದೆ, ಚಿಕ್ಕದಾಗಿದೆ. ನಿಮ್ಮ ಮಾದರಿ ಮಾಡಿದವರೂ ಅದಕ್ಕೇ ಕೈ ಹಾಕಿದ್ದಾರೆ. ತಪ್ಪು ಅಲ್ಲಿಂದಲೇ ಶುರುವಾಗಿದೆ.

ಅಡಿಕೆಚೀಲ, ಯಲ್ಲಾಪುರ

ಇಷ್ಟೆಲ್ಲ ಯಾಕೆ ಮಾರಾಯರೇ? ನುಡಿ ತಂತ್ರಾಂಶದಲ್ಲಿ ಟೈಪ್ ಮಾಡಿ, ದಪ್ಪಕ್ಷರ ಒತ್ತಿ, ಪ್ರಿಂಟ್ ಹಾಕಿಸಿದರೆ ಮುಗಿಯಿತು. ಉಪ್ಪಿನಕಾಯಿ ಕೊಳ್ಳುವವರು ತಲೆಕಟ್ಟು ನೋಡುತ್ತಾರೆಯೇ? ಮಿಡಿ ನೋಡುತ್ತಾರೆ.

ಅಕ್ಕೋರು, ಹೊನ್ನಾವರ

ನೋಡುತ್ತಾರೆ. ನೋಡಿದ್ದು ಅವರ ಅರಿವಿಗೆ ಬರುವುದಿಲ್ಲ, ಅಷ್ಟೇ.

ನಾನು ಒಂದನೆಯ ತರಗತಿಗೆ ಪಾಠ ಮಾಡುವವಳು. ಕಾಗುಣಿತ ಹೇಳಿಸುವಾಗ ನಮ್ಮಲ್ಲಿ ಹೇಗೆ ಹೇಳಿಸುತ್ತೇವೆ ನೆನಪಿಸಿಕೊಳ್ಳಿ. ಕ ತಲೆಕಟ್ಟು ಕ. ಕ ತಲೆಕಟ್ಟಿನ ದೀರ್ಘ ಕಾ. ಕ ಗುಡಿಸು ಕಿ. ಕ ಗುಡಿಸಿನ ದೀರ್ಘ ಕೀ. ಕ ಕೊಂಬು ಕು. ಹೀಗೆಯೇ ಕೊನೆಯವರೆಗೆ. ಗುಡಿಸು, ಕೊಂಬು, ಏತ್ವ ಇವುಗಳ ಸಾಲಿನಲ್ಲಿಯೇ ತಲೆಕಟ್ಟನ್ನೂ ಮಗು ಬಾಯಿಪಾಠ ಮಾಡುತ್ತದೆ. ಅಂದರೆ ಅದು ‘ಅ’ ಸ್ವರದ ಗುರುತು. ಇಂಗ್ಲಿಷಿನ ಸೆರಿಫಿಗೆ ಉಚ್ಚಾರವಿಲ್ಲ, ನಮ್ಮ ತಲೆಕಟ್ಟಿಗೆ ಇದೆ. ಇದಕ್ಕಿಂತ ಹೆಚ್ಚಿನ ವಾದ ಆ ಗುಂಪಿನವರ ಎದುರು ಬೇಕಾಗಲಾರದು. ಅವರೆಲ್ಲ ಇದೇ ಕಾಗುಣಿತ ಒಪ್ಪಿಸಿ ಬಂದವರು.

ಗೆರೆಗಾತಿ, ಕಾರವಾರ

ಅಕ್ಕೋರೇ, ಇದು ನನಗೆ ಹೊಳೆದಿರಲಿಲ್ಲ. ಈಗ ಲೇಬಲಿನ ಪದವನ್ನೇ ಎದುರಿಗಿಟ್ಟುಕೊಂಡು ಎಣಿಸಿದೆ. ‘ಅಪ್ಪೆಮಿಡಿ ಉಪ್ಪಿನಕಾಯಿ’. ಅ, ಉ ಎರಡೂ ಸ್ವರಗಳು, ಅಲ್ಲಿ ತಲೆಕಟ್ಟಿನ ಮಾತಿಲ್ಲ. ‘ಪ್ಪೆ’ಯಲ್ಲಿ ಏತ್ವ ಬಂದು ತಲೆಕಟ್ಟು ಹೋಯಿತು. ‘ಮಿ’, ‘ಡಿ’, ‘ಪ್ಪಿ’, ‘ಯಿ’ ನಾಲ್ಕರಲ್ಲೂ ಗುಡಿಸು. ‘ಕಾ’ದಲ್ಲಿ ದೀರ್ಘ. ಕೆಳಗಿನ ಪ ಒತ್ತುಗಳಿಗೂ ತಲೆಕಟ್ಟಿಲ್ಲ. ಇಡೀ ಹೆಸರಿನಲ್ಲಿ ತಲೆಕಟ್ಟು ಉಳಿದದ್ದು ಒಂದೇ ಒಂದು ಅಕ್ಷರಕ್ಕೆ, ‘ನ’ಕ್ಕೆ!

ತಲೆಕಟ್ಟಿಗೆ ಸೆರಿಫ್ ಹೊಡೆದರೆ ಒಂಬತ್ತಕ್ಷರದ ಹೆಸರಿನ ನಡುವೆ ‘ನ’ ಒಂದೇ ಕಿರೀಟ ಇಟ್ಟುಕೊಂಡು ನಿಲ್ಲುತ್ತದೆ. ‘ಮುರುಗಲು’ ಎಂಬಲ್ಲಿ ಮು, ರು, ಗ ಮೂರಕ್ಕೂ ಇದೆ, ‘ಲು’ವಿಗೆ ಇಲ್ಲ. ಎರಡು ಬಾಟಲಿ ಪಕ್ಕಪಕ್ಕ ಇಟ್ಟರೆ ಎರಡು ಬೇರೆ ಕಂಪನಿಯ ಮಾಲಿನಂತೆ ಕಾಣಬಹುದು.

ಚುಕ್ಕಿಗಂಟು, ಸಿದ್ದಾಪುರ

ಭೇಷ್. ಈ ಲೆಕ್ಕವನ್ನೇ ಅವರಿಗೆ ತೋರಿಸಿ.

ಆದರೂ ಅಕ್ಕೋರ ಮಾತಿಗೆ ಒಂದು ಆಕ್ಷೇಪ. ‘ಕು’ವಿನಲ್ಲಿ ಸ್ವರ ಉಕಾರ, ಆದರೂ ತಲೆಕಟ್ಟು ಜಾಗ ಬಿಡುವುದಿಲ್ಲ. ಖ, ಜ, ಟ, ಣ, ಬ, ಲ ಇವುಗಳಲ್ಲಿ ಅಕಾರ ಇದೆ, ತಲೆಕಟ್ಟು ಇಲ್ಲ. ಹಾಗಾಗಿ ಅದು ಪೂರ್ತಿಯಾಗಿ ಸ್ವರಚಿಹ್ನೆಯೂ ಅಲ್ಲ.

ಅಕ್ಕೋರು, ಹೊನ್ನಾವರ

ಒಪ್ಪಿದೆ. ಕಾಗುಣಿತದ ಪಾಠದಲ್ಲಿ ಬುದ್ಧಿವಂತ ಮಗು ಕೇಳುವುದೂ ಇದನ್ನೇ, ‘ಲ’ಕ್ಕೆ ಯಾಕೆ ಇಲ್ಲ ಎಂದು. ಉತ್ತರ ಬನವಾಸಿ ಕಡೆಯವರು ಹೇಳಬೇಕು.

ಬನವಾಸಿ ದಾರಿ, ಶಿರಸಿ

ಹೇಳುತ್ತೇನೆ, ಆದರೆ ಲಿಪಿಯ ಇತಿಹಾಸ ಇಲ್ಲಿ ಪೂರ್ತಿ ಬರೆಯಲು ಸಾಧ್ಯವಿಲ್ಲ.

ಕದಂಬರ ಕಾಲದ ಬರಹ ನೋಡಿದವರಿಗೆ ಗೊತ್ತು, ಅಕ್ಷರದ ನೆತ್ತಿಯ ಮೇಲೆ ಸಣ್ಣ ಪೆಟ್ಟಿಗೆ ಇರುತ್ತದೆ. ಲಿಪಿತಜ್ಞರು ಅದನ್ನು ಪೆಟ್ಟಿಗೆ ತಲೆಯ ಲಿಪಿ ಎಂದೇ ಗುರುತಿಸುತ್ತಾರೆ. ಬ್ರಾಹ್ಮಿಯಲ್ಲಿ ಮೊದಮೊದಲು ಗೆರೆ ಬೋಳಾಗಿ ಶುರುವಾಗುತ್ತಿತ್ತು. ಕ್ರಮೇಣ ಶುರುವಿನ ಜಾಗ ದಪ್ಪವಾಯಿತು, ಮೊಳೆಯ ಆಕಾರ ಬಂತು, ಕೆಲವು ಕಡೆ ಪೆಟ್ಟಿಗೆಯಾಯಿತು. ಉತ್ತರದಲ್ಲಿ ಅದು ಉದ್ದವಾಗಿ ಎಳೆದುಕೊಂಡು ನಾಗರಿಯ ಶಿರೋರೇಖೆಯಾಯಿತು. ನಮ್ಮಲ್ಲಿ ತುಂಡಾಗಿ ಉಳಿದು, ಬಲತುದಿ ಕೊಂಡಿಯಂತೆ ತಿರುಗಿ ತಲೆಕಟ್ಟಾಯಿತು. ತೆಲುಗಿನವರದ್ದು ಸರಿ ಗುರುತು ಹಾಕಿದ ಹಾಗೆ ಮೇಲಕ್ಕೆ ಚಿಮ್ಮುತ್ತದೆ. ಕನ್ನಡ, ತೆಲುಗು ಬೋರ್ಡುಗಳನ್ನು ದೂರದಿಂದ ಬೇರೆಮಾಡುವುದೇ ಈ ಒಂದು ತುಣುಕಿನಿಂದ.

ಅಂದರೆ ಹುಟ್ಟಿನಲ್ಲಿ ಅದು ಗೆರೆಯ ತುದಿಯೇ. ಲೇಖಕನ ಕೈಚಳಕವಾಗಿ ಬಂದದ್ದು ನಿಧಾನವಾಗಿ ಅಕ್ಷರದ ಸ್ವಂತ ಅಂಗವಾಯಿತು. ಮೇಲಿನ ಗೆರೆ ದೇಹದೊಳಗೇ ಕರಗಿಹೋದ ಅಕ್ಷರಗಳಿಗೆ ತಲೆಕಟ್ಟು ಬೇರೆಯಾಗಿ ಉಳಿಯಲಿಲ್ಲ.

ರೋಮನ್ ಸೆರಿಫಿನ ಹುಟ್ಟಿನ ಬಗ್ಗೆಯೂ ಇಂಥದೇ ಚರ್ಚೆ ಇದೆ. ರೋಮಿನ ಟ್ರೇಜನ್ ಕಂಬದ ಬುಡದಲ್ಲಿರುವ ಅಕ್ಷರಗಳ ಸೆರಿಫ್ ಉಳಿಯಿಂದ ಬಂದದ್ದು ಎಂಬುದು ಹಳೆಯ ನಂಬಿಕೆ. ಎಡ್ವರ್ಡ್ ಕ್ಯಾಟಿಚ್ ಎಂಬ ಪಾದ್ರಿ, ತಾವೇ ಬೋರ್ಡು ಬರೆದು ಕೈ ಪಳಗಿಸಿಕೊಂಡವರು, 1968ರ ತಮ್ಮ ಪುಸ್ತಕದಲ್ಲಿ ಬೇರೆಯೇ ವಾದ ಮಂಡಿಸಿದರು. ಮೊದಲು ಚಪ್ಪಟೆ ಕುಂಚದಿಂದ ಕಲ್ಲಿನ ಮೇಲೆ ಬರೆದರು, ಕುಂಚ ತಿರುಗಿಸಿ ಎತ್ತಿದ ಗುರುತೇ ಸೆರಿಫ್, ಉಳಿ ಅದನ್ನು ಹಿಂಬಾಲಿಸಿತು ಎಂದು. ನಮ್ಮ ತಾಳಗುಂದದ ಕಂಬದಲ್ಲಿ ಕವಿ ಕುಬ್ಜ ತಾನೇ ಕಲ್ಲಿನ ಮೇಲೆ ಬರೆದೆನೆಂದು ಹೇಳಿಕೊಂಡಿದ್ದಾನೆ. ಯಾವುದರಿಂದ ಬರೆದ ಎಂದು ಹೇಳಿದ್ದರೆ ನಮಗೆ ಎಷ್ಟು ಉಪಕಾರವಾಗುತ್ತಿತ್ತು!

ಬಣ್ಣದ ಡಬ್ಬಿ, ಕುಮಟಾ

ಪಾದ್ರಿಯವರ ಮಾತು ನಿಜವೇ ಇರಬೇಕು. ಬೋರ್ಡು ಬರೆಯುವ ಕೈಗೆ ಅದು ಹೇಳಿಕೊಡದೆಯೇ ಗೊತ್ತಾಗುತ್ತದೆ.

ತಂಗಿ, ‘ಕ’ ಬರೆಯುವ ಕ್ರಮ ಹೇಳುತ್ತೇನೆ ಕೇಳು. ಚಪ್ಪಟೆ ಬ್ರಷ್ಷಿಗೆ ಎನಾಮೆಲ್ ಅದ್ದಿ, ಡಬ್ಬಿಯ ಅಂಚಿಗೆ ಎರಡೂ ಬದಿ ಒರೆಸಬೇಕು. ಮೊದಲು ಉಂಗುರ, ಎರಡು ಎಳೆತದಲ್ಲಿ. ಎಡಭಾಗ ಮೇಲಿನಿಂದ ಕೆಳಕ್ಕೆ, ಬಲಭಾಗವೂ ಮೇಲಿನಿಂದ ಕೆಳಕ್ಕೆ, ಬುಡದಲ್ಲಿ ಎರಡೂ ಕೂಡಬೇಕು. ಆಮೇಲೆ ನಡುವಿನ ಅಡ್ಡಗೆರೆ. ತಲೆಕಟ್ಟು ಕೊನೆಗೆ. ಎಡದಿಂದ ಬ್ರಷ್ಷನ್ನು ಅಗಲವಾಗಿ ಊರಿ ಎಳೆದು, ಬಲತುದಿ ಬರುತ್ತಿದ್ದಂತೆ ಹೆಬ್ಬೆರಳಿನಿಂದ ಹಿಡಿಕೆಯನ್ನು ಹೊರಳಿಸಿ, ಬ್ರಷ್ಷಿನ ಒಂದು ಮೂಲೆ ಮಾತ್ರ ಹಲಗೆಗೆ ತಾಗಿರುವಾಗ ಎತ್ತಬೇಕು. ಹೊರಳಿಸದೆ ಎತ್ತಿದರೆ ತುದಿ ಮೊಂಡಾಗುತ್ತದೆ, ಬಣ್ಣ ಅಲ್ಲಿ ಗಂಟಾಗಿ ನಿಂತು ಮಧ್ಯಾಹ್ನದ ಬಿಸಿಲಿಗೆ ಕೆಳಗಿಳಿಯುತ್ತದೆ. ದೋಣಿಯ ಮೇಲೆ ಹೆಸರು ಬರೆಯುವಾಗ ಇದು ಇನ್ನೂ ಕಷ್ಟ. ಹಲಗೆ ಬಾಗಿರುತ್ತದೆ, ಉಪ್ಪುಗಾಳಿಗೆ ಮೊದಲು ಸಿಪ್ಪೆಯೇಳುವುದೇ ಬಣ್ಣ ದಪ್ಪವಾಗಿ ನಿಂತ ತುದಿಗಳಲ್ಲಿ.

ಈಗ ಎಲ್ಲ ಫ್ಲೆಕ್ಸ್. 2024ರ ತಿದ್ದುಪಡಿಯಿಂದ ನಾಮಫಲಕದಲ್ಲಿ ಶೇ 60 ಕನ್ನಡ ಬೇಕೆಂದಾಯಿತು, ಹೆದ್ದಾರಿಯುದ್ದಕ್ಕೂ ಬೋರ್ಡು ಬದಲಾದವು. ನನಗೆ ಕೆಲಸ ಬರಲಿಲ್ಲ ಎಂಬ ಹೊಟ್ಟೆಕಿಚ್ಚಿನಿಂದ ಹೇಳುತ್ತಿಲ್ಲ. ಆದರೆ ಅಕ್ಷರವನ್ನು ಎಡಬಲಕ್ಕೆ ಜಗ್ಗಿ ಶೇ 60ರ ಜಾಗ ತುಂಬಿಸುತ್ತಾರಲ್ಲ, ಅದನ್ನು ನೋಡಿದರೆ ಸಂಕಟವಾಗುತ್ತದೆ. ಅಡ್ಡ ಜಗ್ಗಿದಾಗ ನಿಂತ ಗೆರೆ ದಪ್ಪವಾಗುತ್ತದೆ, ಮಲಗಿದ ಗೆರೆ ಇದ್ದಷ್ಟೇ ಉಳಿಯುತ್ತದೆ. ತಲೆಕಟ್ಟು ಬಡಕಲಾಗಿ ನೂಲಿನಂತೆ ಕಾಣುತ್ತದೆ.

ಚುಕ್ಕಿಗಂಟು, ಸಿದ್ದಾಪುರ

ಅಣ್ಣ ಹೇಳಿದ ಕೊನೆಯ ಸಾಲು ಗೆರೆಗಾತಿಯವರ ಕೆಲಸಕ್ಕೆ ನೇರವಾಗಿ ತಾಗುತ್ತದೆ. ಬೊಡೋನಿಯ ನಿಯಮ ಏನು? ನಿಂತ ಗೆರೆ ದಪ್ಪ, ಮಲಗಿದ ಗೆರೆ ಎಳೆಯಷ್ಟು ತೆಳು. ಈ ನಿಯಮವನ್ನು ಹಾಗೆಯೇ ಕನ್ನಡಕ್ಕೆ ಹಚ್ಚಿದರೆ ತೆಳುವಾಗುವುದು ಯಾವುದು? ತಲೆಕಟ್ಟು, ‘ಕ’ದ ಅಡ್ಡಗೆರೆ, ಏತ್ವದ ಮೇಲ್ಭಾಗ, ದೀರ್ಘದ ಮೊದಲರ್ಧ. ಅಂದರೆ ಸ್ವರ ಹೇಳುವ ಭಾಗಗಳೇ ಮಾಯ. ಸಣ್ಣ ಲೇಬಲಿನ ಹಿಂಬದಿಯಲ್ಲಿ ‘ಉಪ್ಪು, ಬೆಲ್ಲ, ಮೆಣಸು’ ಎಂದು ಆರು ಪಾಯಿಂಟಿನಲ್ಲಿ ಅಚ್ಚಾದಾಗ ‘ಬೆ’, ‘ಮೆ’ ಎರಡರ ಏತ್ವವೂ ಕಾಣಿಸದೆ ಹೋಗಬಹುದು.

ಆದ್ದರಿಂದ ನನ್ನ ಸಲಹೆ: ತಲೆಕಟ್ಟಿಗೆ ದೇಹದ ಗೆರೆಯ ಮುಕ್ಕಾಲು ಪಾಲಾದರೂ ದಪ್ಪ ಇರಲಿ. ದಪ್ಪ ತೆಳುವಿನ ಆಟವನ್ನು ಉಂಗುರಗಳಲ್ಲಿ, ಬಾಗುಗಳಲ್ಲಿ ಆಡಿ. ಬೊಡೋನಿಯ ಗುಂಡು ತುದಿಯನ್ನು ಮಾತ್ರ ಎರವಲು ತನ್ನಿ. ‘ಲ’ದ ಒಳಸುರುಳಿಗೆ, ಕೊಂಬಿನ ಕೊನೆಗೆ, ಇಳಿಯ ಕೊನೆಗೆ ಗುಂಡು ಚೆನ್ನಾಗಿ ಹೊಂದುತ್ತದೆ, ಯಾಕೆಂದರೆ ಅಲ್ಲಿ ಗೆರೆ ನಿಜವಾಗಿಯೂ ಬಾಗಿ ನಿಲ್ಲುತ್ತದೆ.

ಎಚ್ಚರ ಬೇಕಾದ ಜಾಗ ಒಂದಿದೆ. ಸೊನ್ನೆಯ ಪಕ್ಕ. ‘ಅಂಕೋಲಾ’ ಎಂದು ಬರೆದಾಗ ‘ಅ’ದ ತುದಿಯ ಗುಂಡೂ ಸೊನ್ನೆಯೂ ಹತ್ತಿರ ಬಂದು, ಅಚ್ಚಿನಲ್ಲಿ ಸೊನ್ನೆಯ ಹೊಟ್ಟೆ ತುಂಬಿಕೊಂಡರೆ ಎರಡು ಕರಿ ಚುಕ್ಕೆ ಕಾಣುತ್ತವೆ. ಗುಂಡು ಯಾವಾಗಲೂ ಸೊನ್ನೆಗಿಂತ ಸ್ಪಷ್ಟವಾಗಿ ಚಿಕ್ಕದಿರಬೇಕು.

ಬಿಡುವಿದ್ದಾಗ ನಾಲ್ಕು ಫಾಂಟುಗಳ ತುದಿಗಳನ್ನು ಪಕ್ಕಪಕ್ಕ ದೊಡ್ಡದು ಮಾಡಿ ನೋಡಿ. ಆರ್. ಕೆ. ಜೋಶಿಯವರ ಮಾರ್ಗದರ್ಶನದಲ್ಲಿ ವಿಂಡೋಸಿಗಾಗಿ ಮಾಡಿದ ತುಂಗಾ, ಎಕ್ ಟೈಪ್ ತಂಡದ ಬಲೂ ತಮ್ಮ, ಒಂದೇ ದಪ್ಪದ ಗೆರೆಯಲ್ಲಿ ಎಳೆದ ಹುಬ್ಬಳ್ಳಿ, ಆಮೇಲೆ ನೋಟೋ ಸೆರಿಫ್ ಕನ್ನಡ. ಬಲೂ ತಮ್ಮದಲ್ಲಿ ತುದಿಗಳೆಲ್ಲ ದುಂಡು, ಅದರ ಲವಲವಿಕೆಯೇ ಅಲ್ಲಿದೆ. ಹೆಸರಿನಲ್ಲಿ ಸೆರಿಫ್ ಇರುವ ನೋಟೋದಲ್ಲಿ ಕೂಡ ರೋಮನ್ ಬಗೆಯ ಪಾದ ಹುಡುಕಿದರೆ ಸಿಗುವುದಿಲ್ಲ. ಅಲ್ಲಿ ಆ ಹೆಸರಿನ ಅರ್ಥ ದಪ್ಪ ತೆಳುವಿನ ಏರಿಳಿತ ಎಂದಷ್ಟೇ.

ಹಳೆಮೊಳೆ, ಶಿರಸಿ

ಅಚ್ಚಿನ ಮೊಳೆ, ಅಂದರೆ ಸೀಸದ ಅಕ್ಷರ ಜೋಡಿಸಿ ಕೈ ಕಪ್ಪು ಮಾಡಿಕೊಂಡವನು ನಾನು. ಕಂಪ್ಯೂಟರ್ ಬರುವ ಮುಂಚೆ ಇಲ್ಲಿಯ ಒಂದು ಮುದ್ರಣಾಲಯದಲ್ಲಿ ಮದುವೆಯ ಕಾಗದ, ಯಕ್ಷಗಾನದ ಕರಪತ್ರ, ಸೊಸೈಟಿಯ ವರದಿ ಎಲ್ಲ ಜೋಡಿಸಿದ್ದೇನೆ. ನೀವು ತುದಿಯ ಅಂದದ ಬಗ್ಗೆ ಮಾತಾಡುತ್ತಿದ್ದೀರಿ. ನಮ್ಮ ಕಾಲದಲ್ಲಿ ತುದಿ ಎಂದರೆ ಮುರಿಯುವ ಜಾಗ.

ಸೀಸದ ಮೊಳೆಯಲ್ಲಿ ಮೊದಲು ಸವೆಯುವುದು ಅಂಚಿಗೆ ಚಾಚಿದ ಭಾಗ. ತಲೆಕಟ್ಟಿನ ಬಲತುದಿ, ಕೊಂಬಿನ ಕೊನೆ. ಟ್ರೆಡಲ್ ಯಂತ್ರದಲ್ಲಿ ಒತ್ತಡ ಸ್ವಲ್ಪ ಹೆಚ್ಚಾದರೂ ಅವು ಚಪ್ಪಟೆಯಾಗುತ್ತಿದ್ದವು. ಪ್ರೂಫ್ ನೋಡುವವರು ಕೆಂಪು ಶಾಯಿಯಲ್ಲಿ ಸುತ್ತು ಹಾಕುತ್ತಿದ್ದದ್ದು ಕಾಗುಣಿತದ ತಪ್ಪಿಗಿಂತ ಹೆಚ್ಚಾಗಿ ಇಂಥ ಮುರಿದ ಮೊಳೆಗಳಿಗೆ.

ಎರಡನೆಯದು ಹೊಟ್ಟೆ ಸೀಳುವ ಅಕ್ಷರಗಳು. ಅಗ್ಗದ ಕಾಗದ ಮಸಿಯನ್ನು ಹೀರಿ ಹರಡುತ್ತದೆ. ‘ಭ’ದ ಸೀಳು ಮಸಿಯಲ್ಲಿ ಮುಳುಗಿ ‘ಬ’ ಎಂದು ಕಾಣುತ್ತಿತ್ತು. ‘ಧ’ ಹೋಗಿ ‘ದ’. ‘ಭಟ್ಟರ ಮನೆ’ ಎಂದು ಜೋಡಿಸಿದ ಕಾಗದ ‘ಬಟ್ಟರ ಮನೆ’ ಎಂದು ಅಚ್ಚಾಗಿ ಬಂದರೆ ಬೈಗುಳ ತಿನ್ನಬೇಕಾದವರು ನಾವು. ತುದಿಗಳನ್ನು ಚೆಂದ ಮಾಡುವ ಮೊದಲು ಆ ಸೀಳನ್ನು ಕಾಪಾಡು, ಮಗಳೇ.

ಮೊಳೆಯ ಕಷ್ಟದಿಂದಲೇ ಇರಬೇಕು, ಮೊದಮೊದಲು ಕಲ್ಲಚ್ಚು ಹಿಡಿದವರೂ ಇದ್ದರು. 1843ರಲ್ಲಿ ಮಂಗಳೂರಿನಲ್ಲಿ ಬಾಸೆಲ್ ಮಿಷನ್ನಿನವರು ಹೊರಡಿಸಿದ ಮಂಗಳೂರ ಸಮಾಚಾರ ಕಲ್ಲಚ್ಚಿನದು. ಕಲ್ಲಚ್ಚಿನಲ್ಲಿ ಕೈಬರಹವೇ ಅಚ್ಚಾಗುತ್ತದೆ, ಬರೆದವರ ಲೇಖನಿಯ ತುದಿ ಹಾಗೆಯೇ ಉಳಿಯುತ್ತದೆ. ಮರುವರ್ಷ ಪತ್ರಿಕೆ ಬಳ್ಳಾರಿಗೆ ಹೋಗಿ ಮೊಳೆಯಲ್ಲಿ ಅಚ್ಚಾಗತೊಡಗಿತು. ಅದೇ ಮಿಷನ್ನಿನವರು 1894ರಲ್ಲಿ ಕಿಟ್ಟೆಲರ ನಿಘಂಟನ್ನು ಮೊಳೆಯಲ್ಲಿಯೇ ತಂದರು. ಅಷ್ಟು ಚಿಕ್ಕ ಅಕ್ಷರದಲ್ಲಿ ಒತ್ತು, ಸೀಳು ಎಲ್ಲವನ್ನೂ ಕಾಪಾಡಿಕೊಂಡು ಸಾವಿರಾರು ಪುಟ ಜೋಡಿಸಿದವರ ಕಣ್ಣು ಎಂಥದಿರಬೇಕು.

ಚುಕ್ಕಿಗಂಟು, ಸಿದ್ದಾಪುರ

ಹಿರಿಯರು ಹೇಳಿದ ಮಸಿಯ ಸಮಸ್ಯೆಗೆ ಅಮೆರಿಕದಲ್ಲಿ ಒಂದು ಉತ್ತರ ಕಂಡುಕೊಂಡಿದ್ದರು. ಅಲ್ಲಿಯ ದೂರವಾಣಿ ಡೈರೆಕ್ಟರಿಗಾಗಿ ಮ್ಯಾಥ್ಯೂ ಕಾರ್ಟರ್ 1978ರ ಹೊತ್ತಿಗೆ ಬೆಲ್ ಸೆಂಟೆನಿಯಲ್ ಎಂಬ ಫಾಂಟ್ ಮಾಡಿದರು. ಎರಡು ಗೆರೆ ಕೂಡುವ ಮೂಲೆಗಳಲ್ಲಿ ಬೇಕೆಂದೇ ಕಚ್ಚು ಕೊರೆದರು. ದೊಡ್ಡದು ಮಾಡಿ ನೋಡಿದರೆ ಇಲಿ ಕಡಿದ ಹಾಗೆ ವಿಕಾರ. ಆದರೆ ತೆಳು ಕಾಗದದ ಮೇಲೆ ಸಣ್ಣದಾಗಿ ಅಚ್ಚಾದಾಗ ಮಸಿ ಹರಿದು ಕಚ್ಚು ತುಂಬಿ ಅಕ್ಷರ ಸ್ವಚ್ಛವಾಗಿ ಕಾಣುತ್ತಿತ್ತು. ನಮ್ಮ ‘ಭ’, ‘ಧ’, ‘ಢ’ಗಳಲ್ಲಿ ಸೀಳಿನ ಎರಡೂ ಬದಿಗೆ ಹೀಗೆಯೇ ಸ್ವಲ್ಪ ಕೊರೆದುಕೊಡಬಹುದು. ಲೇಬಲಿನ ಹಿಂಬದಿಯ ಸಣ್ಣಕ್ಷರಕ್ಕೆ ಮಾತ್ರ, ಮುಂದಿನ ದೊಡ್ಡ ಹೆಸರಿಗೆ ಬೇಡ.

ಅಡಿಕೆಚೀಲ, ಯಲ್ಲಾಪುರ

ಸೀಳಿನ ಮಾತು ಬಂತಲ್ಲ, ಈಗ ನನಗೂ ಹೇಳಲು ಒಂದಿದೆ. ಅಡಿಕೆ ಚೀಲದ ಮೇಲೆ ಊರು, ಹೆಸರು ಬಳಿಯಲು ತಗಡು ಕತ್ತರಿಸಿ ಅಚ್ಚು ಮಾಡಿಸುತ್ತೇವೆ. ‘ರ’, ‘ಠ’, ಸೊನ್ನೆ ಇವುಗಳ ಉಂಗುರ ಪೂರ್ತಿ ಕತ್ತರಿಸಿದರೆ ನಡುವಿನ ಬಿಲ್ಲೆ ಉದುರಿಬೀಳುತ್ತದೆ, ಅದಕ್ಕೆ ಎಲ್ಲಾದರೂ ಒಂದು ಕೊಂಡಿ ಬಿಡಲೇಬೇಕು. ‘ದ’ದಂಥ ಅಕ್ಷರದಲ್ಲಿ ತಗಡಿನ ನಾಲಿಗೆ ಅಲ್ಲಾಡಬಾರದೆಂದು ಕತ್ತರಿಸುವವನು ಬುಡದಲ್ಲಿ ಕೊಂಡಿ ಬಿಟ್ಟ. ಚೀಲದ ಮೇಲೆ ಬಳಿದರೆ ಬುಡದಲ್ಲಿ ಸೀಳು. ‘ಸಿದ್ದಾಪುರ’ ಹೋಗಿ ಮಹಾಪ್ರಾಣ ಬಂತು. ಸಿದ್ದಾಪುರದ ಭಾವನವರು ಬೇಸರ ಮಾಡಿಕೊಳ್ಳಬಾರದು.

ಚುಕ್ಕಿಗಂಟು, ಸಿದ್ದಾಪುರ

ಬೇಸರವೇನೂ ಇಲ್ಲ ಭಾವ, ನಮ್ಮೂರಿನ ಹೆಸರನ್ನು ಎರಡೂ ಥರ ಬರೆಯುವವರಿದ್ದಾರೆ. ಮುಂದಿನ ಸಲ ಕೊಂಡಿಯನ್ನು ಬದಿಯಲ್ಲಿ, ತಲೆಕಟ್ಟಿಗೆ ಹತ್ತಿರ ಬಿಡಲು ಹೇಳಿ. ಕನ್ನಡದಲ್ಲಿ ಅಕ್ಷರದ ಬುಡ ಎಂದರೆ ಅರ್ಥ ಬದಲಾಗುವ ಜಾಗ. ಸೀಳು ಅಲ್ಲಿ, ಒತ್ತು ಅಲ್ಲಿ. ‘ಪು’, ‘ವು’ಗಳ ಕೊಂಬು ಕೂಡ ಕೆಳಗಿನಿಂದಲೇ ಸುತ್ತುತ್ತದೆ.

ಅಕ್ಕೋರು, ಹೊನ್ನಾವರ

‘ವು’ ನೆನಪಿಸಿದ್ದು ಒಳ್ಳೆಯದಾಯಿತು. ಉಳಿದ ಅಕ್ಷರಗಳಂತೆ ‘ವ’ಕ್ಕೂ ನಡುವಿನಲ್ಲಿ ಕೊಂಬು ಕೊಟ್ಟರೆ ಅದು ‘ಮ’ ಆಗಿಬಿಡುತ್ತದೆ. ಮಕ್ಕಳು ‘ಹಾವು’ ಬರೆಯಲು ಹೋಗಿ ‘ಹಾಮ’ ಬರೆಯುವುದು ದಿನನಿತ್ಯದ ಸಂಗತಿ. ಹೊಸ ಶೈಲಿಯ ಕೆಲವು ಅಕ್ಷರಗಳಲ್ಲಿ ಅಂದಕ್ಕಾಗಿ ಕೊಂಬಿನ ತುದಿಯನ್ನು ಮೊಟಕು ಮಾಡುತ್ತಾರೆ. ಅಲ್ಲಿ ದೊಡ್ಡವರೂ ಎಡವುತ್ತಾರೆ.

ಇನ್ನೊಂದು ಬಹಳ ದಿನದಿಂದ ಕಾಡುತ್ತಿರುವುದು. ಮೊಬೈಲಿನಲ್ಲಿ ಬರುವ ಆಮಂತ್ರಣಗಳಲ್ಲಿ ‘ಕನಾ೯ಟಕ’, ‘ಗೋಕಣ೯’ ಎಂದು ಒಂಬತ್ತರ ಅಂಕೆ ಹಾಕಿ ಅರ್ಕಾವತ್ತು ಮಾಡಿಬಿಡುತ್ತಾರೆ. ಎರಡರ ಆಕಾರ ಹತ್ತಿರ ಇದೆ ನಿಜ. ಆದರೆ ಅಂಕೆ ಪೂರ್ಣ ಎತ್ತರದ್ದು, ಸ್ವತಂತ್ರವಾಗಿ ನಿಲ್ಲುವಂಥದು. ಅರ್ಕಾವತ್ತು ಹಿಂದಿನ ಅಕ್ಷರಕ್ಕೆ ಒರಗಿಕೊಂಡಿರಬೇಕು. ಫಾಂಟ್ ಮಾಡುವವರು ಎರಡರ ತುದಿಯನ್ನು ಬೇರೆಬೇರೆಯಾಗಿ ಎಳೆದರೆ ಕಣ್ಣಿಗಾದರೂ ತಪ್ಪು ಎದ್ದು ಕಾಣುತ್ತದೆ.

ಬೈತಖೋಲ, ಕಾರವಾರ

ಇಷ್ಟು ಹೊತ್ತು ಸುಮ್ಮನೆ ಓದುತ್ತಿದ್ದೆ. ಕಾರವಾರದ ಹಳೆಯ ಬೋರ್ಡುಗಳಲ್ಲಿ ಒಂದು ವಿಚಿತ್ರ ಗಮನಿಸಿದ್ದೀರಾ? ತಲೆಕಟ್ಟುಗಳನ್ನು ಒಂದಕ್ಕೊಂದು ತಾಗಿಸಿ ಮೇಲೆ ಉದ್ದ ಗೆರೆಯಂತೆ ಎಳೆದಿರುತ್ತಾರೆ. ನಾಗರಿ ಬರೆದು ಪಳಗಿದ ಕೈ ಅದು. ನಮ್ಮ ಉತ್ತರ ಕನ್ನಡ ಜಿಲ್ಲೆ 1862ರಲ್ಲಿ ಮದ್ರಾಸ್ ಪ್ರಾಂತದಿಂದ ಮುಂಬಯಿ ಪ್ರಾಂತಕ್ಕೆ ಸೇರಿತು, ಮರಾಠಿ ಬರಹ ಕಚೇರಿ, ಅಂಗಡಿ ಎಲ್ಲ ಕಡೆ ಬಂತು. ನಮ್ಮ ಕೊಂಕಣಿಯನ್ನೂ ಇಲ್ಲಿ ಎರಡೂ ಲಿಪಿಯಲ್ಲಿ ಬರೆಯುವವರಿದ್ದಾರೆ. ಅಂಥ ಬೋರ್ಡು ಈಗ ಹುಡುಕಿದರೂ ಸಿಗುವುದು ಕಷ್ಟ. ನನಗಂತೂ ಅದು ಇಷ್ಟ, ತಪ್ಪು ಎಂದು ಯಾರಾದರೂ ಹೇಳಿದರೂ.

ಕೊಂಕಣಿ ಬರೆಯುವಾಗ ಮೂಗಿನಿಂದ ಬರುವ ಸ್ವರಕ್ಕೆ ಸೊನ್ನೆ ಸಾಲದು. ಅದಕ್ಕಾಗಿ ಅಕ್ಷರದ ಬಲ ಮೇಲ್ಮೂಲೆಯಲ್ಲಿ ಕೂರುವ ಬೇರೆ ಗುರುತನ್ನು 2022ರಲ್ಲಿ ಕಂಪ್ಯೂಟರಿನ ಅಕ್ಷರಪಟ್ಟಿಯಾದ ಯೂನಿಕೋಡಿನ 15ನೇ ಆವೃತ್ತಿಯ ಕನ್ನಡ ವಿಭಾಗಕ್ಕೆ ಸೇರಿಸಿದ್ದಾರೆ. ಬಲ ಮೇಲ್ಮೂಲೆ ಎಂದರೆ ತಲೆಕಟ್ಟಿನ ತುದಿ ಇರುವ ಜಾಗವೇ. ಅಲ್ಲಿ ನೀವು ಗುಂಡು, ಪಟ್ಟಿ ಎಲ್ಲ ತುಂಬಿಸಿದರೆ ನಮ್ಮ ಗುರುತು ಎಲ್ಲಿ ಕೂರಬೇಕು?

ಗೆರೆಗಾತಿ, ಕಾರವಾರ

ಬೈತಖೋಲದವರೇ, ಆ ಗುರುತಿಗೆ ಜಾಗ ಬಿಡುತ್ತೇನೆ. ಲೇಬಲಿನಲ್ಲಿ ಕೊಂಕಣಿ ಸಾಲು ಕೂಡ ಇದೆ, ಸದ್ಯ ಅದು ನಾಗರಿಯಲ್ಲಿದೆ, ಕನ್ನಡ ಲಿಪಿಯಲ್ಲೂ ಬೇಕೆಂದು ಕೇಳಿದರೆ ತಯಾರಿರಬೇಕು.

ಗುಂಪಿನವರ ಜೊತೆ ಮಾತಾಡಿದೆ. ಅಕ್ಕೋರ ಕಾಗುಣಿತದ ವಾದ ಕೇಳಿ ಅವರ ಪೈಕಿ ಹಿರಿಯರೊಬ್ಬರು ಅಲ್ಲಿಯೇ ‘ಕ ತಲೆಕಟ್ಟು ಕ’ ಎಂದು ಶುರುಮಾಡಿದರು. ಸೆರಿಫ್ ಪಟ್ಟಿ ಬೇಡ ಎಂದಾಯಿತು. ಹೊಸ ಬೇಡಿಕೆ ಏನೆಂದರೆ, ಹಾಗಾದರೆ ತಲೆಕಟ್ಟನ್ನೇ ತೆಗೆದುಬಿಡಿ, ಈಚೆಗಿನ ಲೋಗೋಗಳಲ್ಲಿ ಹಾಗೆ ಮಾಡುತ್ತಾರಲ್ಲ ಎನ್ನುತ್ತಿದ್ದಾರೆ.

ಬಣ್ಣದ ಡಬ್ಬಿ, ಕುಮಟಾ

ಅಯ್ಯೋ ದೇವರೇ.

ಚುಕ್ಕಿಗಂಟು, ಸಿದ್ದಾಪುರ

ಅಣ್ಣನಿಗೆ ಸಿಟ್ಟು ಬಂದಿದೆ, ಆದರೆ ನಾನು ಪೂರ್ತಿ ವಿರೋಧಿಯಲ್ಲ. ಎರಡು ಮೂರು ಅಕ್ಷರದ ಲೋಗೋದಲ್ಲಿ ನಡೆಯುತ್ತದೆ, ಜನ ಅದನ್ನು ಓದುವುದಿಲ್ಲ, ಗುರುತಿಸುತ್ತಾರೆ. ‘ಕ’, ‘ಗ’, ‘ತ’ಗಳ ದೇಹ ಬೇರೆಬೇರೆ ಇರುವುದರಿಂದ ತಲೆಕಟ್ಟಿಲ್ಲದೆಯೂ ತಿಳಿಯುತ್ತದೆ. ‘ರ’ದ ಗತಿ ಏನು? ತಲೆಕಟ್ಟು ತೆಗೆದರೆ ಉಳಿಯುವುದು ಬರೀ ಉಂಗುರ. ಅದು ಸೊನ್ನೆ. ‘ಕಾರವಾರ’ದಲ್ಲಿ ಎರಡು ಸಲ ಸೊನ್ನೆ ಸುತ್ತಬೇಕಾಗುತ್ತದೆ. ಗೆರೆಗಾತಿಯವರ ಶರಬತ್ತಿನ ಹೆಸರಿನಲ್ಲಿಯೇ ‘ರು’ ಇದೆ, ಅಲ್ಲಿ ಕೊಂಬು ಅಂಟಿಸಿಕೊಂಡ ಸೊನ್ನೆ ಆಗುತ್ತದೆ.

ಹಳೆಮೊಳೆ, ಶಿರಸಿ

ತಲೆಕಟ್ಟು ಮುರಿದ ‘ರ’ದ ಮೊಳೆಯನ್ನು ನಾವು ಎಸೆಯುತ್ತಿರಲಿಲ್ಲ. ಅವಸರಕ್ಕೆ ಸೊನ್ನೆಯ ಮೊಳೆ ಸಾಲದಾದಾಗ ಅದನ್ನೇ ಹಾಕುತ್ತಿದ್ದೆವು.

ಗೆರೆಗಾತಿ, ಕಾರವಾರ

ಇದಕ್ಕಿಂತ ದೊಡ್ಡ ಸಾಕ್ಷಿ ಇನ್ನೇನು ಬೇಕು. ತಲೆಕಟ್ಟು ಉಳಿಯಿತು.

ಈಗಿನ ಕರಡು ಹೀಗಿದೆ: ತಲೆಕಟ್ಟು ದಪ್ಪವಾಗಿ, ಬಲತುದಿ ಓರೆಯಾಗಿ ಕತ್ತರಿಸಿ. ಗುಂಡು ‘ಲ’ದ ಸುರುಳಿಗೆ, ಕೊಂಬಿಗೆ, ‘ಕಾ’ದ ಕೊನೆಗೆ ಮಾತ್ರ. ‘ಪ್ಪೆ’, ‘ಪ್ಪಿ’ಗಳ ಒತ್ತಿಗೆ ಗುಂಡಿಲ್ಲ, ಮೇಲಿನ ಅಕ್ಷರಕ್ಕಿಂತ ತುಸು ತೆಳು, ಆದರೆ ಕಣ್ಣಿಗೆ ಒಂದೇ ಬಣ್ಣ ಕಾಣುವಷ್ಟು. ದುಂಡು ಬುಡಗಳನ್ನೆಲ್ಲ ಆಧಾರಗೆರೆಯಿಂದ ಕೂದಲೆಳೆಯಷ್ಟು ಕೆಳಗಿಳಿಸಿದ್ದೇನೆ, ಇಲ್ಲದಿದ್ದರೆ ಇಂಗ್ಲಿಷ್ ಪಕ್ಕದಲ್ಲಿ ಕನ್ನಡ ಗಾಳಿಯಲ್ಲಿ ತೇಲಿದಂತೆ ಕಾಣುತ್ತಿತ್ತು. ಪರೀಕ್ಷೆಗೆ ಬೇರೆ ಯಾವ ಪದ ಹಾಕಿ ನೋಡಲಿ?

ಚುಕ್ಕಿಗಂಟು, ಸಿದ್ದಾಪುರ

ಜಿಲ್ಲೆಯ ಊರುಗಳೇ ಸಾಕು. ಭಟ್ಕಳ, ಅಂಕೋಲಾ, ಗೋಕರ್ಣ, ಹೊನ್ನಾವರ, ಸಿದ್ದಾಪುರ, ಮುಂಡಗೋಡ. ಇವುಗಳಲ್ಲಿ ಸೀಳು, ಸೊನ್ನೆ, ಅರ್ಕಾವತ್ತು, ‘ನ್ನ’ದಂಥ ವಿಶೇಷ ಒತ್ತು, ‘ಪು’ವಿನ ಕೊಂಬು ಎಲ್ಲ ಬಂದವು. ಎರಡು ಒತ್ತು ಒಂದರ ಕೆಳಗೊಂದು ಬರುವುದಕ್ಕೆ ‘ರಾಷ್ಟ್ರ’ ಹಾಕಿ, ಸಾಲಿನ ಅಂತರ ಎಷ್ಟು ಬೇಕೆಂದು ಅದೇ ಹೇಳುತ್ತದೆ. ಆರು ಪಾಯಿಂಟಿನಲ್ಲಿ, ಅವರು ಅಚ್ಚು ಹಾಕಿಸುವ ಕಾಗದದ ಮೇಲೆಯೇ ಪ್ರಿಂಟ್ ತೆಗೆಯಿರಿ, ಪರದೆಯ ಮೇಲೆ ನೋಡಿ ತೀರ್ಮಾನಿಸಬೇಡಿ.

ಅಡಿಕೆಚೀಲ, ಯಲ್ಲಾಪುರ

ಯಲ್ಲಾಪುರ ಬಿಟ್ಟಿರಿ.

ಬಣ್ಣದ ಡಬ್ಬಿ, ಕುಮಟಾ

ತಂಗಿ, ತಲೆಕಟ್ಟಿನ ತುದಿಯನ್ನು ಎಷ್ಟು ಓರೆ ಕತ್ತರಿಸಬೇಕೆಂದು ಅಳತೆ ಹುಡುಕುತ್ತಿದ್ದರೆ, ಅರ್ಧ ಇಂಚಿನ ಚಪ್ಪಟೆ ಬ್ರಷ್ಷಿನಲ್ಲಿ ಹಳೆಯ ಪತ್ರಿಕೆಯ ಮೇಲೆ ಹತ್ತಿಪ್ಪತ್ತು ತಲೆಕಟ್ಟು ಎಳೆದು ನೋಡು. ಹಿಡಿಕೆ ಹೊರಳಿಸುವ ಜಾಗದಲ್ಲಿ ಓರೆ ತಾನಾಗಿ ಬರುತ್ತದೆ. ಅದರಲ್ಲಿ ಚೆನ್ನಾಗಿ ಬಂದದ್ದನ್ನು ಸ್ಕ್ಯಾನ್ ಮಾಡಿಕೋ. ಬಣ್ಣಕ್ಕೆ ಟರ್ಪೆಂಟೈನ್ ಜಾಸ್ತಿ ಸೇರಿಸಬೇಡ, ಹರಡುತ್ತದೆ.